ಪಿಯೇರ್ ಎತೆಕ್ಸ್: ಆಸ್ಕರ್ ಗೆದ್ದ ನಗೆಗಾರನ ಸಿನಿಮಾಗಳು ಅಷ್ಟು ವರ್ಷ ಯಾಕೆ ಕಾಣಿಸಲಿಲ್ಲ?

ಹಳೆರೀಲು:

ಫ್ರೆಂಚ್ ಹಾಸ್ಯ ಸಿನಿಮಾ ಅಂದ ತಕ್ಷಣ ನಮ್ಮಲ್ಲಿ ಜಾಕ್ ತತಿ ಹೆಸರು ಬರುತ್ತದೆ. ಮೂಕಿ ಕಾಲದ ಆಸಕ್ತಿ ಇರುವವರು ಮ್ಯಾಕ್ಸ್ ಲಿಂಡರ್ ಹೆಸರು ಹೇಳುತ್ತಾರೆ. ಪಿಯೇರ್ ಎತೆಕ್ಸ್ ಬಗ್ಗೆ ಮಾತಾಡುವವರು ತುಂಬಾ ಕಡಿಮೆ. ಇದು ನನಗೆ ನಿಜವಾಗಿಯೂ ಬೇಜಾರಿನ ವಿಷಯ. ಅದಕ್ಕೇ ಸ್ವಲ್ಪ ಉದ್ದವಾಗಿ ಬರೆಯುತ್ತಿದ್ದೇನೆ.

ಎತೆಕ್ಸ್ ಹುಟ್ಟಿದ್ದು 1928ರಲ್ಲಿ, ಫ್ರಾನ್ಸಿನ ರೊವಾನ್ ಎಂಬ ಊರಲ್ಲಿ. ಚಿಕ್ಕಂದಿನಿಂದ ಸರ್ಕಸ್ ಹುಚ್ಚು, ಚಿತ್ರ ಬರೆಯುವ ಹುಚ್ಚು. ಬಣ್ಣದ ಗಾಜಿನ ಕಿಟಕಿ ಮಾಡುವ ಕೆಲಸ ಕಲಿತರು. ಆಮೇಲೆ ಪ್ಯಾರಿಸ್‌ಗೆ ಬಂದು ಪತ್ರಿಕೆಗಳಿಗೆ ಚಿತ್ರ ಬರೆಯುತ್ತಾ, ರಾತ್ರಿ ಕ್ಯಾಬರೆಗಳಲ್ಲಿ ನಗೆ ಪ್ರದರ್ಶನ ಕೊಡುತ್ತಾ ಬದುಕು ಸಾಗಿಸಿದರು. 1954ರಲ್ಲಿ ತತಿಯ ಪರಿಚಯವಾಯಿತು. ತತಿಯ 'ಮೋನ್ ಓಂಕ್ಲ್' ಸಿನಿಮಾಕ್ಕೆ ಹಲವು ವರ್ಷ ದುಡಿದರು. ನಗೆಯ ಸನ್ನಿವೇಶಗಳನ್ನು ಯೋಚಿಸುವುದು, ಅವನ್ನು ಕಾಗದದ ಮೇಲೆ ಬಿಡಿಸಿ ತೋರಿಸುವುದು, ಸೆಟ್ಟಿನಲ್ಲಿ ಸಹಾಯಕ ನಿರ್ದೇಶಕನ ಕೆಲಸ, ಎಲ್ಲವೂ ಅವರದೇ. ಆ ಸಿನಿಮಾದ ಪೋಸ್ಟರ್ ಬರೆದದ್ದೂ ಅವರೇ.

ಅಲ್ಲೇ ಅವರಿಗೆ ಜಾಂ-ಕ್ಲೋದ್ ಕಾರಿಯೇರ್ ಸಿಕ್ಕಿದ್ದು. ತತಿಯ ಸಿನಿಮಾಗಳನ್ನು ಕಾದಂಬರಿ ಮಾಡುವ ಕೆಲಸ ಯುವಕ ಕಾರಿಯೇರ್‌ಗೆ ಬಂದಿತ್ತು. ಆ ಪುಸ್ತಕಗಳಿಗೆ ಚಿತ್ರ ಬರೆದವರು ಎತೆಕ್ಸ್. ಇಬ್ಬರಿಗೂ ಅಮೆರಿಕದ ಮೂಕಿ ಕಾಲದ ನಗೆಗಾರ ಬಸ್ಟರ್ ಕೀಟನ್ ಅಂದರೆ ಪ್ರಾಣ. ಸೇರಿ ಕಿರುಚಿತ್ರ ಮಾಡಲು ಹೊರಟರು. 1961ರಲ್ಲಿ 'ರುಪ್ತ್ಯೂರ್', 1962ರಲ್ಲಿ 'ಓರೋ ಆನಿವೆರ್ಸೇರ್'. ಎರಡನೆಯದಕ್ಕೆ 1963ರಲ್ಲಿ ಆಸ್ಕರ್ ಬಂತು. ಆಮೇಲೆ ಹತ್ತು ವರ್ಷದೊಳಗೆ ಐದು ದೊಡ್ಡ ಸಿನಿಮಾ: 'ಲೆ ಸುಪಿರಾಂ', 'ಯೋಯೋ', 'ತಾಂ ಕೋನಾ ಲಾ ಸಾಂತೆ', 'ಲೆ ಗ್ರಾಂತ್ ಅಮೂರ್', 'ಪೇಯಿ ದ ಕೊಕಾನ್ಯ್'. ಮೊದಲ ನಾಲ್ಕರಲ್ಲಿ ನಾಯಕನೂ ಅವರೇ, ನಿರ್ದೇಶಕನೂ ಅವರೇ. 'ಲೆ ಸುಪಿರಾಂ'ಗೆ ಫ್ರಾನ್ಸಿನ ಲೂಯಿ ದೆಲ್ಯೂಕ್ ಸಿನಿಮಾ ಪ್ರಶಸ್ತಿ ಸಿಕ್ಕಿತು. 'ಯೋಯೋ' 1965ರಲ್ಲಿ, 'ಲೆ ಗ್ರಾಂತ್ ಅಮೂರ್' 1969ರಲ್ಲಿ ಕಾನ್ ಚಿತ್ರೋತ್ಸವದ ಸ್ಪರ್ಧೆಯಲ್ಲಿದ್ದವು.

ಇಷ್ಟೆಲ್ಲ ಆದ ಮನುಷ್ಯನನ್ನು ಜನ ಹೇಗೆ ಮರೆತರು? ಕಾಲ ಬದಲಾಯಿತು, ರುಚಿ ಬದಲಾಯಿತು ಅಂತ ಸುಮಾರು ಜನ ಬರೆದಿದ್ದಾರೆ. ನಾನು ಒಪ್ಪುವುದಿಲ್ಲ. ನೋಡಲು ಸಿನಿಮಾವೇ ಸಿಗಲಿಲ್ಲ, ಅದಕ್ಕೆ ಮರೆತರು. ಹಕ್ಕಿನ ಜಗಳದಲ್ಲಿ ಅವರ ಸಿನಿಮಾಗಳು ವರ್ಷಗಟ್ಟಲೆ ಯಾರ ಕೈಗೂ ಸಿಗದೆ ಉಳಿದವು. ಥಿಯೇಟರಿನಲ್ಲಿ ಇಲ್ಲ, ಟಿವಿಯಲ್ಲಿ ಇಲ್ಲ, ಡಿವಿಡಿಯಲ್ಲೂ ಇಲ್ಲ. ಒಂದು ಪೀಳಿಗೆಗೆ ಅವರು ಇದ್ದರು ಅನ್ನುವುದೇ ಗೊತ್ತಾಗಲಿಲ್ಲ. ಅವರ ಪ್ರತಿಭೆ ಕಡಿಮೆ ಇತ್ತು ಅಂತ ಇದರಿಂದ ತೀರ್ಮಾನ ಮಾಡುವುದು ದೊಡ್ಡ ಅನ್ಯಾಯ.

ನೋಡಿದವರು ಯಾರಾದರೂ ಇದ್ದರೆ ಬರೆಯಿರಿ.

ಬಾಲ್ಕನಿಸೀಟು:

ನಾನು 'ಲೆ ಸುಪಿರಾಂ' ನೋಡಿದ್ದೇನೆ ಸರ್. ನಗು ಬಂತು, ಇಲ್ಲ ಅನ್ನುವುದಿಲ್ಲ. ಆದರೆ ನೇರವಾಗಿ ಹೇಳುತ್ತೇನೆ, ನನಗೆ ಅದು ತತಿಯ ಶಿಷ್ಯ ಮಾಡಿದ ಸಿನಿಮಾ ಅನ್ನಿಸಿತು. ಮಾತು ಕಡಿಮೆ, ಸದ್ದು ಜಾಸ್ತಿ, ಮುಖದಲ್ಲಿ ಭಾವ ಇಲ್ಲ, ವಸ್ತುಗಳೆಲ್ಲ ಕೈಕೊಡುತ್ತವೆ. ಇದೆಲ್ಲ ತತಿಯಲ್ಲಿ ಆಗಲೇ ಇದೆ ಅಲ್ವಾ? ಸಿನಿಮಾ ಸಿಗದೇ ಇದ್ದದ್ದು ಒಂದು ಕಾರಣ ಇರಬಹುದು. ಆದರೆ ತತಿಯ ನೆರಳಿನಿಂದ ಅವರು ಹೊರಗೆ ಬರಲಿಲ್ಲ ಅನ್ನುವುದೂ ಕಾರಣ ಇರಬಹುದು.

ಹಳೆರೀಲು:

ಈ ಮಾತು ಬರುತ್ತದೆ ಅಂತ ಗೊತ್ತಿತ್ತು. ಫ್ರಾನ್ಸಿನಲ್ಲೂ ಇದೇ ಮಾತು ಹೇಳುತ್ತಾ ಬಂದಿದ್ದಾರೆ. ಆದರೆ ಸ್ವಲ್ಪ ಹತ್ತಿರದಿಂದ ನೋಡಿ.

ತತಿ ಕ್ಯಾಮೆರಾವನ್ನು ದೂರ ಇಡುತ್ತಾರೆ. ಒಂದೇ ಶಾಟ್‌ನಲ್ಲಿ ನಾಲ್ಕು ಕಡೆ ನಾಲ್ಕು ತಮಾಷೆ ನಡೆಯುತ್ತಿರುತ್ತದೆ. ಯಾವುದನ್ನು ನೋಡಬೇಕು ಅನ್ನುವುದು ನಿಮಗೆ ಬಿಟ್ಟದ್ದು. ಎತೆಕ್ಸ್ ಹಾಗೆ ಮಾಡುವುದಿಲ್ಲ. ಒಂದು ತಮಾಷೆಯನ್ನು ಹಿಡಿದು, ಶಾಟ್ ಶಾಟ್ ಆಗಿ ಒಡೆದು, ಹಂತ ಹಂತವಾಗಿ ಮೇಲೇರಿಸುತ್ತಾರೆ. ಎಲ್ಲಿ ಕತ್ತರಿಸಬೇಕು ಅನ್ನುವುದರಲ್ಲೇ ಅವರ ನಗೆ ಇದೆ. ಇದು ಕೀಟನ್ ದಾರಿ, ಮ್ಯಾಕ್ಸ್ ಲಿಂಡರ್ ದಾರಿ. ತತಿಯದಲ್ಲ.

ಇನ್ನೊಂದು ವ್ಯತ್ಯಾಸ ಇದಕ್ಕಿಂತ ಮುಖ್ಯ. ತತಿಯ ಯೂಲೋ ಪಾತ್ರಕ್ಕೆ ಆಸೆ ಅಂತ ಏನೂ ಇಲ್ಲ. ಬರುತ್ತಾನೆ, ಎಲ್ಲವನ್ನೂ ಅಡಿಮೇಲು ಮಾಡುತ್ತಾನೆ, ಹೋಗುತ್ತಾನೆ. ಎತೆಕ್ಸ್ ಪಾತ್ರಗಳಿಗೆ ಆಸೆ ಇದೆ. ಅವನಿಗೆ ಹೆಣ್ಣು ಬೇಕು, ಮನೆ ಬೇಕು, ಪ್ರೀತಿ ಬೇಕು. ಅದು ಸಿಕ್ಕಮೇಲೆ ಇನ್ನೊಂದು ಬೇಕು. 'ಲೆ ಸುಪಿರಾಂ'ನಲ್ಲಿ ನಕ್ಷತ್ರ, ಗ್ರಹ ಅಂತ ಕೋಣೆಯಲ್ಲಿ ಮುಳುಗಿದ್ದ ಹುಡುಗನಿಗೆ ಅಪ್ಪ-ಅಮ್ಮ ಮದುವೆಯಾಗು ಅನ್ನುತ್ತಾರೆ. ಅವನು ಮೊದಲು ಕೇಳುವುದು ಮನೆಯಲ್ಲೇ ಇರುವ ಸ್ವೀಡನ್ ಹುಡುಗಿಯನ್ನು. ಅವಳಿಗೆ ಫ್ರೆಂಚ್ ಬರುವುದಿಲ್ಲ! ಆಮೇಲೆ ಟಿವಿಯಲ್ಲಿ ಕಂಡ ಗಾಯಕಿಯ ಹಿಂದೆ ಬೀಳುತ್ತಾನೆ. ಕೋಣೆ ತುಂಬ ಅವಳ ಚಿತ್ರ ತುಂಬಿಸುತ್ತಾನೆ. ನಗು ಬರುವುದು ಅವನ ಒಂಟಿತನದಿಂದ. ತತಿಯ ಸಿನಿಮಾದಲ್ಲಿ ಇಂಥ ಒಂಟಿತನ ನನಗೆ ಕಂಡಿಲ್ಲ.

ಮೊದಲ ಕಿರುಚಿತ್ರ 'ರುಪ್ತ್ಯೂರ್' ನೋಡಿ. ಒಬ್ಬನಿಗೆ ಪ್ರೇಯಸಿಯಿಂದ ಪತ್ರ ಬರುತ್ತದೆ. ಒಳಗೆ ಅವನದೇ ಫೋಟೋ, ಹರಿದಿದೆ. ಅವನು ಉತ್ತರ ಬರೆಯಲು ಕೂರುತ್ತಾನೆ. ಅಷ್ಟೇ ಕತೆ. ಪೆನ್ನು, ಶಾಯಿ, ಅಂಚೆಚೀಟಿ, ಮೇಜು, ಒಂದೂ ಮಾತು ಕೇಳುವುದಿಲ್ಲ. ಅವನ ಮುಖದಲ್ಲಿ ಸಿಟ್ಟೂ ಇಲ್ಲ, ಅಳುವೂ ಇಲ್ಲ. ಆದರೆ ಆ ಮೇಜಿನ ಜೊತೆ ಅವನು ಮಾಡುವ ಗುದ್ದಾಟವೇ ಅವನ ದುಃಖ. ಇದನ್ನು ತತಿಯ ನೆರಳು ಅಂತ ಕರೆಯಲು ನನಗೆ ಸಾಧ್ಯವಿಲ್ಲ.

ಶಬ್ದಪೆಟ್ಟಿಗೆ:

ನಾನು ಸಿನಿಮಾಗಳಿಗೆ ಎಫೆಕ್ಟ್ಸ್ ಮತ್ತು ಮಿಕ್ಸಿಂಗ್ ಕೆಲಸ ಮಾಡುವವನು. 'ಯೋಯೋ' ಬಗ್ಗೆ ಬರೆಯದೆ ಇರಲು ಆಗುವುದಿಲ್ಲ.

ಸಿನಿಮಾ ಶುರುವಾಗುವುದು 1925ರಲ್ಲಿ. ದೊಡ್ಡ ಅರಮನೆಯಂಥ ಮನೆ, ಒಬ್ಬನೇ ಶ್ರೀಮಂತ, ಸುತ್ತ ಆಳುಗಳ ದಂಡು. ಮೂಕಿ ಕಾಲದ ಕತೆ, ಹಾಗಾಗಿ ಮೂಕಿಯ ಹಾಗೇ ತೋರಿಸುತ್ತಾರೆ. ಮಾತಿಲ್ಲ. ಮಾತಿನ ಜಾಗದಲ್ಲಿ ಬರಹದ ಫಲಕ ಬರುತ್ತದೆ. ಆದರೆ ಸದ್ದು ಇದೆ! ಬಾಗಿಲು ತೆರೆದರೆ ಕಿರ್ರ್ ಅಂತ ಕಿವಿ ಕೊರೆಯುತ್ತದೆ. ಮಿಕ್ಕದ್ದೆಲ್ಲ ನಿಶ್ಶಬ್ದ. ಆ ಮನೆ ಎಷ್ಟು ಖಾಲಿ ಅನ್ನುವುದು ಆ ಒಂದು ಬಾಗಿಲಿನ ಸದ್ದಿನಿಂದಲೇ ಗೊತ್ತಾಗುತ್ತದೆ. ನಾವು ಈಗ ಒಂದು ದೃಶ್ಯಕ್ಕೆ ನಲವತ್ತು ಟ್ರ್ಯಾಕ್ ಹಾಕಿಯೂ ಆ ಖಾಲಿತನ ತರಲು ಒದ್ದಾಡುತ್ತೇವೆ.

ಆಮೇಲೆ 1929ರ ಷೇರುಪೇಟೆ ಕುಸಿತ ಬರುತ್ತದೆ. ಶ್ರೀಮಂತನ ದುಡ್ಡೆಲ್ಲ ಹೋಗುತ್ತದೆ. ಅದೇ ಹೊತ್ತಿಗೆ ಸಿನಿಮಾ ಲೋಕಕ್ಕೆ ಟಾಕಿ ಬರುತ್ತದೆ. 'ಯೋಯೋ' ಕೂಡ ಅಲ್ಲಿಂದ ಮಾತಾಡಲು ಶುರು ಮಾಡುತ್ತದೆ. ಕತೆಯ ಇತಿಹಾಸ ಮತ್ತು ಸಿನಿಮಾದ ಇತಿಹಾಸ ಎರಡನ್ನೂ ಒಂದೇ ತಿರುವಿನಲ್ಲಿ ಕೂಡಿಸಿದ್ದಾರೆ. ದುಡ್ಡು ಕಳೆದುಕೊಂಡವನು ತಾನು ಪ್ರೀತಿಸಿದ ಸರ್ಕಸ್ ಕುದುರೆ ಸವಾರಳ ಜೊತೆ, ತನ್ನ ಮಗನ ಜೊತೆ ಊರೂರು ತಿರುಗುತ್ತಾನೆ. ಆ ಮಗನೇ ಯೋಯೋ. ಅವನು ದೊಡ್ಡ ಕ್ಲೌನ್ ಆಗುತ್ತಾನೆ, ಯುದ್ಧ ಮುಗಿದ ಮೇಲೆ ಟಿವಿ ಕಾಲದಲ್ಲಿ ಹೆಸರು ಮಾಡುತ್ತಾನೆ, ಪಾಳುಬಿದ್ದ ಅಪ್ಪನ ಬಂಗಲೆಯನ್ನು ಮತ್ತೆ ಕಟ್ಟುತ್ತಾನೆ. ಅಪ್ಪನ ಪಾತ್ರವೂ ಎತೆಕ್ಸ್‌ದೇ, ದೊಡ್ಡವನಾದ ಮಗನ ಪಾತ್ರವೂ ಅವರದೇ.

ಒಂದು ಸಣ್ಣ ವಿಷಯ ಹೇಳಿಬಿಡುತ್ತೇನೆ. ಇವರ ಸರ್ಕಸ್ ಗಾಡಿ ಒಂದು ಊರಿಗೆ ಬಂದಾಗ ಅಲ್ಲಿ ಆಗಲೇ ಜಾಂಪನೋ ಮತ್ತು ಜೆಲ್ಸೊಮಿನಾ ಹೆಸರಿನ ಪೋಸ್ಟರ್ ಇರುತ್ತದೆ. ಇಟಲಿಯ ನಿರ್ದೇಶಕ ಫೆಲ್ಲಿನಿಯ 'ಲಾ ಸ್ತ್ರಾದ' ನೋಡಿದವರಿಗೆ ತಕ್ಷಣ ಗೊತ್ತಾಗುತ್ತದೆ, ಅವರಿಬ್ಬರೂ ಅದರ ಪಾತ್ರಗಳು. ಎತೆಕ್ಸ್‌ಗೆ ಫೆಲ್ಲಿನಿ ಮೇಲೆ ಎಷ್ಟು ಪ್ರೀತಿ ಇತ್ತು ಅನ್ನುವುದಕ್ಕೆ ಅದೊಂದು ಪೋಸ್ಟರ್ ಸಾಕು.

ಬಾಲ್ಕನಿಸೀಟು ಅವರೇ, ದಯವಿಟ್ಟು 'ಯೋಯೋ' ನೋಡಿ. ಒಳ್ಳೆಯ ಹೆಡ್‌ಫೋನ್ ಹಾಕಿಕೊಂಡು ನೋಡಿ.

ಬಾಲ್ಕನಿಸೀಟು:

ಆಯ್ತು ಸರ್, ಈ ವಾರವೇ ನೋಡುತ್ತೇನೆ.

ರಂಗದಂಗಳ:

ಕಾರಿಯೇರ್ ಹೆಸರು ಬಂದಿದ್ದಕ್ಕೆ ಬರೆಯುತ್ತಿದ್ದೇನೆ. ನಮ್ಮ ನಾಟಕದವರಿಗೆ ಆ ಹೆಸರು ಚೆನ್ನಾಗಿ ಗೊತ್ತು. ಪೀಟರ್ ಬ್ರೂಕ್ ಮಾಡಿದ 'ಮಹಾಭಾರತ' ನಾಟಕವನ್ನು ಬರೆದವರು ಇದೇ ಕಾರಿಯೇರ್. 1985ರಲ್ಲಿ ಆವಿನ್ಯೋಂ ನಾಟಕೋತ್ಸವದಲ್ಲಿ, ಒಂದು ಕಲ್ಲುಗಣಿಯಲ್ಲಿ, ಸುಮಾರು ಒಂಬತ್ತು ಗಂಟೆಯ ಪ್ರದರ್ಶನ. ದ್ರೌಪದಿಯಾಗಿ ಮಲ್ಲಿಕಾ ಸಾರಾಭಾಯಿ. ಭೀಷ್ಮ, ಕರ್ಣ ಅಂತ ವರ್ಷಗಟ್ಟಲೆ ಕೂತು ಬರೆದ ಕೈ, ಅದಕ್ಕೂ ಮೊದಲು ಎತೆಕ್ಸ್ ಜೊತೆ ಕೂತು 'ಈ ಅಂಚೆಚೀಟಿ ಎಲ್ಲಿ ಅಂಟಿಕೊಳ್ಳಬೇಕು' ಅಂತ ಯೋಚಿಸಿತ್ತು ಅಂದರೆ ನನಗೆ ತುಂಬಾ ಖುಷಿಯಾಗುತ್ತದೆ. ಸ್ಪೇನಿನ ನಿರ್ದೇಶಕ ಬುನ್ಯುವೆಲ್‌ಗೆ ಅಷ್ಟೊಂದು ಸಿನಿಮಾ ಬರೆದವರೂ ಅವರೇ. ಆದರೆ ಶುರುವಾದದ್ದು ಎತೆಕ್ಸ್ ಜೊತೆ.

ಇನ್ನೊಂದು. ನೀವೆಲ್ಲ ಸಿನಿಮಾ ಅಂತ ಮಾತಾಡುತ್ತಿದ್ದೀರಿ. ಎತೆಕ್ಸ್ ಬದುಕಿನಲ್ಲಿ ಸರ್ಕಸ್ ಸಿನಿಮಾಕ್ಕಿಂತ ಕಡಿಮೆಯದಲ್ಲ. ಅವರ ಹೆಂಡತಿ ಆನಿ ಫ್ರಾತೆಲಿನಿ. ಹೆಸರಾದ ಫ್ರಾತೆಲಿನಿ ಕ್ಲೌನ್ ಮನೆತನದ ಹೆಣ್ಣುಮಗಳು. 'ಲೆ ಗ್ರಾಂತ್ ಅಮೂರ್'ನಲ್ಲಿ ನಾಯಕನ ಹೆಂಡತಿಯ ಪಾತ್ರ ಮಾಡಿದವರು ಅವರೇ. 1974ರಲ್ಲಿ ಇಬ್ಬರೂ ಸೇರಿ ಫ್ರಾನ್ಸಿನಲ್ಲಿ ಸರ್ಕಸ್ ಶಾಲೆ ಕಟ್ಟಿದರು.

ಆ ಕಾಲದ ಲೆಕ್ಕದಲ್ಲಿ ಇದು ಸಣ್ಣ ಕೆಲಸವಲ್ಲ. ಅಲ್ಲಿಯವರೆಗೆ ಸರ್ಕಸ್ ವಿದ್ಯೆ ಅಪ್ಪನಿಂದ ಮಗನಿಗೆ, ಡೇರೆಯ ಒಳಗೇ ಹೋಗುತ್ತಿತ್ತು. ಹೊರಗಿನ ಮಕ್ಕಳು ಬಂದು ಕಲಿಯುವ ದಾರಿಯೇ ಇರಲಿಲ್ಲ. ಸರ್ಕಸ್ ಮನೆತನಗಳು ಸೊರಗುತ್ತಿದ್ದವು. ಆಗ ಈ ಇಬ್ಬರು ಬಾಗಿಲು ತೆರೆದರು. ಯಾರು ಬೇಕಾದರೂ ಬನ್ನಿ, ಕಲಿಯಿರಿ ಅಂದರು. ನಮ್ಮ ಯಕ್ಷಗಾನಕ್ಕೆ ಶಿವರಾಮ ಕಾರಂತರ ಕಾಲದಲ್ಲಿ ಉಡುಪಿಯಲ್ಲಿ ಕೇಂದ್ರ ಬಂದದ್ದನ್ನು ನೆನಪು ಮಾಡಿಕೊಂಡರೆ ಇದರ ಬೆಲೆ ಗೊತ್ತಾಗುತ್ತದೆ.

ಪ್ರದರ್ಶನದಲ್ಲಿ ಇಬ್ಬರೂ ಜೋಡಿ ಕ್ಲೌನ್. ಎತೆಕ್ಸ್ ಬಿಳಿ ಮುಖದ ಕ್ಲೌನ್, ಅಂದರೆ ಗತ್ತಿನವನು, ನಿಯಮ ಹೇಳುವವನು. ಆನಿ ಒಗುಸ್ತ್, ಕೆಂಪು ಮೂಗಿನ ಪೆದ್ದ. ಒಗುಸ್ತ್ ಪಾತ್ರ ಅಲ್ಲಿಯವರೆಗೆ ಬಹುಪಾಲು ಗಂಡಸರ ಸೊತ್ತು. ಸಿನಿಮಾದಲ್ಲಿ ಯಾವಾಗಲೂ ಏಟು ತಿನ್ನುತ್ತಿದ್ದ ಎತೆಕ್ಸ್ ಇಲ್ಲಿ ಹೆಂಡತಿಗೆ ನಗು ಬಿಟ್ಟುಕೊಟ್ಟು, ತಾವು ಪಕ್ಕದಲ್ಲಿ ನಿಂತರು. ನಟರಿಗೆ ಇದು ಎಷ್ಟು ಕಷ್ಟ ಅಂತ ರಂಗದ ಮೇಲೆ ನಿಂತವರಿಗೆ ಗೊತ್ತು. ನಗು ಬರುವುದು ಒಬ್ಬರಿಗೆ, ಆ ನಗುವಿಗೆ ಜಾಗ ಮಾಡಿಕೊಡುವುದು ಇನ್ನೊಬ್ಬರ ಕೆಲಸ. ಎರಡನೆಯವರನ್ನು ಪ್ರೇಕ್ಷಕರು ನೆನಪಿಟ್ಟುಕೊಳ್ಳುವುದು ಅಪರೂಪ.

ಹೊಸನೋಟ:

ಇಷ್ಟೆಲ್ಲ ಓದಿದ ಮೇಲೆ ನೋಡಬೇಕು ಅನ್ನಿಸುತ್ತಿದೆ. ನನಗೆ ಹಳೆಯ ಸಿನಿಮಾ ಅಭ್ಯಾಸ ಕಡಿಮೆ. ಯಾವುದರಿಂದ ಶುರು ಮಾಡಲಿ? ಫ್ರೆಂಚ್ ಬರುವುದಿಲ್ಲ.

ಹಳೆರೀಲು:

ಭಾಷೆಯ ಚಿಂತೆ ಬೇಡ. ಮಾತು ತುಂಬಾ ಕಡಿಮೆ, ಇರುವುದಕ್ಕೆ ಇಂಗ್ಲಿಷ್ ಸಬ್‌ಟೈಟಲ್ ಸಿಗುತ್ತದೆ. 'ಓರೋ ಆನಿವೆರ್ಸೇರ್'ನಿಂದ ಶುರು ಮಾಡಿ. ಕಾಲು ಗಂಟೆಯೂ ಇಲ್ಲ. ಮದುವೆಯ ವಾರ್ಷಿಕೋತ್ಸವದ ದಿನ ಗಂಡ ಉಡುಗೊರೆ, ಹೂವು ತೆಗೆದುಕೊಂಡು ಮನೆಗೆ ಹೊರಡುತ್ತಾನೆ. ಪ್ಯಾರಿಸ್ ಟ್ರಾಫಿಕ್ ಅವನನ್ನು ಬಿಡುವುದಿಲ್ಲ. ಮನೆಯಲ್ಲಿ ಹೆಂಡತಿ ಊಟ ಹಚ್ಚಿಟ್ಟು ಕಾಯುತ್ತಾಳೆ, ಕಾಯುತ್ತಾ ಒಂದೊಂದೇ ಗ್ಲಾಸ್ ಕುಡಿಯುತ್ತಾಳೆ. ಬೆಂಗಳೂರಿನಲ್ಲಿ ಇರುವವರಿಗೆ ಸಬ್‌ಟೈಟಲ್ ಕೂಡ ಬೇಕಾಗುವುದಿಲ್ಲ.

ಆಮೇಲೆ 'ಲೆ ಗ್ರಾಂತ್ ಅಮೂರ್'. ಅದು ಅವರ ಮೊದಲ ಬಣ್ಣದ ದೊಡ್ಡ ಸಿನಿಮಾ. ತೂರ್ ಎಂಬ ಊರಲ್ಲಿ ತೆಗೆದದ್ದು. ಮದುವೆಯಾಗಿ ಮಾವನ ಕಾರ್ಖಾನೆ ನೋಡಿಕೊಳ್ಳುವ ಗಂಡಸು, ಹೊಸದಾಗಿ ಬಂದ ಸೆಕ್ರೆಟರಿ ಹುಡುಗಿಗೆ ಮನಸೋಲುತ್ತಾನೆ. ಕತೆ ಸಾಮಾನ್ಯ. ಆದರೆ ಅದನ್ನು ಹೇಳುವ ರೀತಿ ನೋಡಿ! ಶುರುವಿನಲ್ಲೇ ಅವನು ಹಳೆಯದನ್ನು ನೆನಪಿಸಿಕೊಳ್ಳುತ್ತಾನೆ. ಅವಳನ್ನು ಕಂಡದ್ದು ಕೆಫೆಯ ಒಳಗಾ, ಹೊರಗಾ ಅಂತ ಅವನಿಗೆ ಸರಿಯಾಗಿ ನೆನಪಿಲ್ಲ. ಅವನು ನೆನಪು ಬದಲಿಸಿದಂತೆಲ್ಲ ತೆರೆಯ ಮೇಲೆ ಪಾಪ ವೇಟರ್ ತಟ್ಟೆ ಹಿಡಿದುಕೊಂಡು ಒಳಗೆ ಹೊರಗೆ ಓಡಾಡಬೇಕು. ಕೊನೆಗೆ ವೇಟರ್‌ಗೇ ರೇಗುತ್ತದೆ.

ಊರ ಹೆಂಗಸರ ಗುಸುಗುಸು ದೃಶ್ಯವೂ ಹಾಗೇ. ನಾಯಕ ದಾರಿಯಲ್ಲಿ ಒಬ್ಬಳನ್ನು ಸುಮ್ನೆ ದಾಟಿ ಹೋಗಿರುತ್ತಾನೆ. ಒಬ್ಬಳು ಇನ್ನೊಬ್ಬಳಿಗೆ ಹೇಳುವಾಗ ಅದು ಸ್ವಲ್ಪ ಬೆಳೆಯುತ್ತದೆ, ಅವಳು ಮತ್ತೊಬ್ಬಳಿಗೆ ಹೇಳುವಾಗ ಇನ್ನೂ ಬೆಳೆಯುತ್ತದೆ. ಪ್ರತಿ ಸಲವೂ ಆ ಬೆಳೆದ ರೂಪವನ್ನೇ ನಮಗೆ ತೋರಿಸುತ್ತಾರೆ. ಸಿನಿಮಾದಲ್ಲಿ ಮಾತ್ರ ಸಾಧ್ಯವಿರುವ ತಮಾಷೆ ಇದು.

ಇನ್ನು ಆ ಮಂಚದ ಕನಸು. ಅವನು ಮಲಗಿರುವ ಮಂಚ ಮನೆಯಿಂದ ಹೊರಟು ಹಳ್ಳಿಗಾಡಿನ ರಸ್ತೆಯ ಮೇಲೆ ಕಾರಿನ ಹಾಗೆ ಹೋಗುತ್ತದೆ. ದಾರಿಯಲ್ಲಿ ಬೇರೆ ಮಂಚಗಳೂ ಸಿಗುತ್ತವೆ, ಕೆಟ್ಟು ನಿಂತ ಮಂಚವೂ ಒಂದು. ಕಂಪ್ಯೂಟರ್ ಇಲ್ಲದ ಕಾಲ. ನಿಜವಾದ ಮಂಚ, ನಿಜವಾದ ರಸ್ತೆ. ಅದು ಇಷ್ಟು ಹಗುರವಾಗಿ ಕಾಣುವುದಕ್ಕೆ ಎಷ್ಟು ಜನ ಎಷ್ಟು ಬೆವರು ಸುರಿಸಿರಬೇಕು!

ಲಿಯಾಂ ಕನ್ನಡಿಗ:

ನಾನು ಇರುವುದು ಲಿಯಾಂನಲ್ಲಿ. ಎತೆಕ್ಸ್ ಹುಟ್ಟಿದ ರೊವಾನ್ ಇಲ್ಲಿಗೆ ದೂರವೇನಲ್ಲ. ಆದರೆ ನನ್ನ ಆಫೀಸಿನ ಹುಡುಗರಿಗೆ ಆ ಹೆಸರು ಹೇಳಿದರೆ ಗೊತ್ತಿಲ್ಲ ಅನ್ನುತ್ತಾರೆ. ವಯಸ್ಸಾದವರಿಗೆ ಗೊತ್ತು, ಅದೂ ಕ್ಲೌನ್ ಅಂತ. ಹಳೆರೀಲು ಸರ್ ಹೇಳಿದ ಹಕ್ಕಿನ ವಿಷಯ ಇಲ್ಲಿ ಒಂದು ಕಾಲದಲ್ಲಿ ದೊಡ್ಡ ಸುದ್ದಿಯಾಗಿತ್ತು. ನನಗೆ ತಿಳಿದಷ್ಟು ಬರೆಯುತ್ತೇನೆ.

2004ರಲ್ಲಿ ಎತೆಕ್ಸ್ ಮತ್ತು ಕಾರಿಯೇರ್ ತಮ್ಮ ಸಿನಿಮಾಗಳನ್ನು ಮತ್ತೆ ಹೊರತರಲು ಒಂದು ಕಂಪನಿಗೆ ಹಕ್ಕು ಬರೆದುಕೊಟ್ಟರು. ಕೆಲಸ ನಡೆಯಲಿಲ್ಲ. ಹಕ್ಕು ಆ ಕಂಪನಿಯ ಹತ್ತಿರ, ನೆಗೆಟಿವ್ ಹಳೆಯದಾಗುತ್ತಾ ಇದೆ, ಸಿನಿಮಾ ಮಾಡಿದವರಿಗೇ ತಮ್ಮ ಸಿನಿಮಾ ತೋರಿಸುವ ಅಧಿಕಾರ ಇಲ್ಲ. 'ಯೋಯೋ'ವನ್ನು ಒಂದು ಪ್ರತಿಷ್ಠಾನ ಸರಿಪಡಿಸಿ 2007ರಲ್ಲಿ ಕಾನ್‌ನಲ್ಲಿ ತೋರಿಸಿತು. ಆದರೂ ಥಿಯೇಟರಿಗೆ ಬರಲು ಆಗಲಿಲ್ಲ. ವಿಷಯ ಕೋರ್ಟಿಗೆ ಹೋಯಿತು. ಆಗ ಎತೆಕ್ಸ್‌ಗೆ ಸುಮಾರು ಎಂಬತ್ತು ವರ್ಷ ವಯಸ್ಸು.

ಆಮೇಲೆ ಸಿನಿಮಾದವರು, ಸಾಮಾನ್ಯ ಜನ ಸೇರಿ ಒಂದು ಮನವಿಗೆ ಸಹಿ ಹಾಕಿದರು. ಐವತ್ತು ಸಾವಿರಕ್ಕೂ ಹೆಚ್ಚು ಸಹಿ ಬಂದವು. ಕೊನೆಗೆ ಹಕ್ಕು ವಾಪಸ್ ಸಿಕ್ಕಿತು. ಗ್ರೂಪಾಮಾ ಗಾನ್ ಪ್ರತಿಷ್ಠಾನ ಮತ್ತು ಟೆಕ್ನಿಕಲರ್ ಪ್ರತಿಷ್ಠಾನ ಸೇರಿ ಎಲ್ಲ ಸಿನಿಮಾಗಳನ್ನೂ ಸರಿಪಡಿಸಿದವು. 2010ರಲ್ಲಿ 'ಲೆ ಗ್ರಾಂತ್ ಅಮೂರ್' ಅನ್ನು ಕಾನ್‌ನಲ್ಲಿ ತೋರಿಸಿದರು, ಅದೇ ವರ್ಷ ಸಿನಿಮಾಗಳು ಫ್ರಾನ್ಸಿನ ಥಿಯೇಟರುಗಳಲ್ಲಿ ಬಿಡುಗಡೆಯಾದವು. 2013ರಲ್ಲಿ ಅಮೆರಿಕದ ಕ್ರೈಟೀರಿಯನ್ ಕಂಪನಿ ಡಿಸ್ಕ್ ಮಾಡಿತು. ಇವತ್ತು ನಾವು ನೋಡುತ್ತಿರುವ ಪ್ರತಿಗಳು ಹೀಗೆ ಬಂದವು.

ಎತೆಕ್ಸ್ ತೀರಿಕೊಂಡದ್ದು 2016ರ ಅಕ್ಟೋಬರ್‌ನಲ್ಲಿ, 87ನೇ ವಯಸ್ಸಿನಲ್ಲಿ. ಅಂದರೆ ತಮ್ಮ ಸಿನಿಮಾಗಳು ಮತ್ತೆ ತೆರೆಯ ಮೇಲೆ ಬಂದದ್ದನ್ನು ಅವರು ಕಣ್ಣಾರೆ ಕಂಡರು. ಎಷ್ಟು ಕಲಾವಿದರಿಗೆ ಈ ಭಾಗ್ಯ ಇರುತ್ತದೆ ಹೇಳಿ. ನನಗಂತೂ ಇದು ತುಂಬಾ ಸಮಾಧಾನದ ಸಂಗತಿ.

ಹಳೆರೀಲು:

ಧನ್ಯವಾದ ಸರ್. ತತಿಗೂ ಹೀಗೇ ಆಗಿತ್ತು. 'ಪ್ಲೇಟೈಮ್' 1967ರಲ್ಲಿ ಬಂದು ಸಾಲದಲ್ಲಿ ಮುಳುಗಿಸಿತು, ತಮ್ಮದೇ ಸಿನಿಮಾಗಳು ಅವರ ಕೈತಪ್ಪಿ ಹೋದವು. ಗುರು-ಶಿಷ್ಯ ಇಬ್ಬರಿಗೂ ಒಂದೇ ಗತಿ. ಹಾಸ್ಯ ಸಿನಿಮಾ ಅಂದರೆ ಹಗುರ, ಕಾಪಾಡಿಡುವ ಅಗತ್ಯ ಇಲ್ಲ ಅನ್ನುವ ಮನೋಭಾವ ಇದರ ಹಿಂದೆ ಇದೆ ಅಂತ ನನ್ನ ನಂಬಿಕೆ. ನಮ್ಮ ಕನ್ನಡದ ಹಳೆಯ ಸಿನಿಮಾಗಳ ನೆಗೆಟಿವ್‌ಗಳ ಗತಿ ನೆನೆದರೆ ಹೊಟ್ಟೆ ಉರಿಯುತ್ತದೆ. ಅದು ಬೇರೆಯೇ ಚರ್ಚೆ, ಇಲ್ಲಿ ಬೆಳೆಸುವುದಿಲ್ಲ.

ರಂಗದಂಗಳ:

ಹಕ್ಕಿನ ಜಗಳಕ್ಕೂ ಮೊದಲೇ, 1971ರಲ್ಲೇ ಅವರ ನಿರ್ದೇಶನ ಹೆಚ್ಚು ಕಡಿಮೆ ನಿಂತು ಹೋಯಿತು ಅಲ್ವಾ? ಅದಕ್ಕೆ ಕಾರಣ 'ಪೇಯಿ ದ ಕೊಕಾನ್ಯ್'. ಅದರ ಬಗ್ಗೆ ಇಲ್ಲಿ ಯಾರೂ ಮಾತಾಡಿಲ್ಲ.

ನೋಡದವರಿಗೆ ಹೇಳುತ್ತೇನೆ. 1968ರ ಮೇ ತಿಂಗಳಲ್ಲಿ ಫ್ರಾನ್ಸಿನ ವಿದ್ಯಾರ್ಥಿಗಳು, ಕೆಲಸಗಾರರು ಬೀದಿಗಿಳಿದ ಗಲಾಟೆ ಮುಗಿದ ಮೇಲಿನ ಬೇಸಿಗೆ ರಜೆಗಳಲ್ಲಿ ಎತೆಕ್ಸ್ ಕ್ಯಾಮೆರಾ ಹಿಡಿದು ಸಮುದ್ರ ತೀರದ ಊರುಗಳಿಗೆ ಹೋದರು. ಡೇರೆ ಹಾಕಿಕೊಂಡು ರಜೆ ಕಳೆಯುವ ಜನ, ರೇಡಿಯೋದವರು ನಡೆಸುವ ಹಾಡಿನ ಸ್ಪರ್ಧೆ, ವೇದಿಕೆಯ ಮೇಲೆ ಅಪಸ್ವರದಲ್ಲಿ ಹಾಡುವ ಸಾಮಾನ್ಯ ಜನ, ಜಾಹೀರಾತು. ಜನರನ್ನು ನಿಲ್ಲಿಸಿ ಪ್ರಶ್ನೆ ಕೇಳುತ್ತಾರೆ. ಇದು ಸಾಕ್ಷ್ಯಚಿತ್ರ. ಆದರೆ ಅದನ್ನು ಅವರು ನಗೆ ಸಿನಿಮಾದ ಹಾಗೆ ಕತ್ತರಿಸಿ ಜೋಡಿಸಿದ್ದಾರೆ. ವಿಮರ್ಶಕರು ಸಿಟ್ಟಿಗೆದ್ದರು. ಜನರನ್ನು ಅವಮಾನ ಮಾಡಿದ್ದಾನೆ ಅಂತ ಬರೆದರು. ಸಿನಿಮಾ ಬೇಗ ಥಿಯೇಟರಿನಿಂದ ಹೋಯಿತು. ಆಮೇಲೆ ಅವರಿಗೆ ದುಡ್ಡು ಹಾಕುವವರು ಯಾರೂ ಬರಲಿಲ್ಲ.

ನಾನು ಎತೆಕ್ಸ್ ಅಭಿಮಾನಿ. ಆದರೂ ಈ ವಿಷಯದಲ್ಲಿ ನನ್ನ ಮನಸ್ಸು ವಿಮರ್ಶಕರ ಕಡೆಗೇ ಇದೆ. ಕ್ಲೌನ್ ತನ್ನ ಮೇಲೆ ನಗು ತರಿಸಿಕೊಳ್ಳುತ್ತಾನೆ. ಇಲ್ಲಿ ಅವರು ಬೇರೆಯವರ ಮೇಲೆ ನಗು ತರಿಸಿದ್ದಾರೆ. ಆ ಹಾಡುವ ಹೆಂಗಸಿಗೆ ತನ್ನ ದನಿಯನ್ನು ಹೀಗೆ ಕತ್ತರಿಸಿ ಜೋಡಿಸುತ್ತಾರೆ ಅಂತ ಗೊತ್ತಿತ್ತಾ? ವರ್ಷಕ್ಕೊಮ್ಮೆ ರಜೆ ಸಿಗುವ ಕೆಲಸಗಾರರ ಹೊಟ್ಟೆ, ಅವರ ಡೇರೆ, ಅವರ ಊಟ. ಅದನ್ನು ನೋಡಿ ನಗಲು ನನಗೆ ಮನಸ್ಸು ಬರಲಿಲ್ಲ.

ಶಬ್ದಪೆಟ್ಟಿಗೆ:

ಮೇಡಂ, ನಾನು ಬೇರೆ ರೀತಿ ನೋಡುತ್ತೇನೆ. ಅವರು ನಗುತ್ತಿರುವುದು ಆ ಜನರ ಮೇಲೆ ಅಲ್ಲ. ಜನರಿಗೆ ಏನನ್ನು ಮಾರುತ್ತಿದ್ದಾರೋ ಅದರ ಮೇಲೆ. ಸದ್ದಿನ ಕಡೆ ಗಮನ ಕೊಡಿ. ಎಲ್ಲೆಲ್ಲೂ ಮೈಕು, ಎಲ್ಲೆಲ್ಲೂ ಜಾಹೀರಾತಿನ ಹಾಡು, ಕೂಗು. ಮನುಷ್ಯರ ದನಿ ಅದರ ಕೆಳಗೆ ಸಿಕ್ಕಿಕೊಂಡಿದೆ. 'ತಾಂ ಕೋನಾ ಲಾ ಸಾಂತೆ'ಯಲ್ಲೂ ಅವರು ಇದನ್ನೇ ಹೇಳಿದ್ದರು. ಅಲ್ಲಿ ರಸ್ತೆ ಅಗೆಯುವ ಯಂತ್ರದ ಸದ್ದಿಗೆ ಊರೇ ನಡುಗುತ್ತದೆ, ಜನರ ನರ ಕಿತ್ತುಬರುತ್ತದೆ. ಅಲ್ಲಿ ನಟರಿದ್ದರು, ಹಾಗಾಗಿ ಎಲ್ಲರೂ ನಕ್ಕರು. ಇಲ್ಲಿ ನಿಜವಾದ ಜನ ಇದ್ದರು, ಹಾಗಾಗಿ ನೋವಾಯಿತು.

ಮತ್ತೆ, ಆ ಸಿನಿಮಾ ಶುರುವಾಗುವುದೇ ಎತೆಕ್ಸ್ ಎಡಿಟಿಂಗ್ ಕೋಣೆಯಲ್ಲಿ ರೀಲುಗಳ ರಾಶಿಯಲ್ಲಿ ಸಿಕ್ಕಿಕೊಂಡು ಒದ್ದಾಡುವುದರಿಂದ. ತಾನು ತೆಗೆದದ್ದನ್ನು ಏನು ಮಾಡಬೇಕು ಅಂತ ತನಗೇ ಗೊತ್ತಾಗುತ್ತಿಲ್ಲ ಅಂತ ಮೊದಲೇ ತೋರಿಸಿದ್ದಾರೆ.

ರಂಗದಂಗಳ:

ಶುರುವಿನಲ್ಲಿ ತನ್ನನ್ನು ತಾನು ನಗೆಪಾಟಲು ಮಾಡಿಕೊಂಡರೆ ಮಿಕ್ಕ ಒಂದು ಗಂಟೆಗೆ ರಿಯಾಯಿತಿ ಸಿಗುವುದಿಲ್ಲ. ಜಾಹೀರಾತಿನವರ ಮೇಲೆ ಸಿಟ್ಟಿದ್ದರೆ ಜಾಹೀರಾತಿನವರ ಮುಖ ತೋರಿಸಬೇಕಿತ್ತು. ತೋರಿಸಿದ್ದು ಯಾರ ಮುಖ? ಈ ಮಾತನ್ನು ನಾನು ಬಿಡುವುದಿಲ್ಲ.

ಆದರೆ ಒಂದು ಸಿನಿಮಾಕ್ಕಾಗಿ ಅಂಥ ನಿರ್ದೇಶಕನಿಗೆ ಬಾಗಿಲನ್ನೇ ಹಾಕಿಬಿಟ್ಟದ್ದು ಕ್ರೌರ್ಯ. ಅದನ್ನೂ ಅಷ್ಟೇ ಗಟ್ಟಿಯಾಗಿ ಹೇಳುತ್ತೇನೆ.

ಲಿಯಾಂ ಕನ್ನಡಿಗ:

ಈಗಿನ ಫ್ರೆಂಚ್ ಪ್ರೇಕ್ಷಕರಲ್ಲೂ ಇದೇ ಎರಡು ಪಕ್ಷ ಇದೆ. ನನ್ನ ಅತ್ತೆ-ಮಾವನ ವಯಸ್ಸಿನವರು, ಆ ಕಾಲದಲ್ಲಿ ಅಂಥದೇ ಡೇರೆಗಳಲ್ಲಿ ರಜೆ ಕಳೆದವರು, ಅದನ್ನು ನೋಡಿ ನಮ್ಮ ಬಾಲ್ಯ ಇದ್ದ ಹಾಗೇ ಇದೆ ಅಂತ ಖುಷಿಪಡುವುದನ್ನೂ ಕಂಡಿದ್ದೇನೆ.

ಹೊಸನೋಟ:

'ಓರೋ ಆನಿವೆರ್ಸೇರ್' ನೋಡಿದೆ! ತುಂಬಾ ಇಷ್ಟವಾಯಿತು. ನಗುತ್ತಲೇ ಇದ್ದೆ, ಆದರೆ ಆ ಹೆಂಡತಿ ಒಬ್ಬಳೇ ಮೇಜಿನ ಮುಂದೆ ಕೂತಿರುವುದನ್ನು ನೋಡಿ ಸಂಕಟವೂ ಆಯಿತು. ನಿರ್ದೇಶನ ನಿಂತ ಮೇಲೆ ನಟನೆ ಮಾಡಲಿಲ್ಲವಾ ಅವರು?

ಹಳೆರೀಲು:

ಮಾಡಿದರು, ಆದರೆ ಸಣ್ಣ ಸಣ್ಣ ಪಾತ್ರ. ನಿಜ ಹೇಳಬೇಕೆಂದರೆ ಬೇರೆಯವರ ಸಿನಿಮಾದಲ್ಲಿ ಅವರ ನಟನೆ ಶುರುವಾದದ್ದು ಅದಕ್ಕೂ ಮೊದಲೇ. ರಾಬೆರ್ ಬ್ರೆಸ್ಸೋಂ ಅವರ 'ಪಿಕ್‌ಪಾಕೆಟ್' (1959) ನೋಡಿದ್ದರೆ ನೀವು ಎತೆಕ್ಸ್‌ರನ್ನು ಆಗಲೇ ನೋಡಿದ್ದೀರಿ. ಜೇಬುಗಳ್ಳರ ಗುಂಪಿನಲ್ಲಿ ಒಬ್ಬರು ಅವರು. ಕೈಚಳಕ ಗೊತ್ತಿದ್ದ ಮನುಷ್ಯ, ಅದಕ್ಕೇ ಅಲ್ಲಿ ಅಷ್ಟು ಚೆನ್ನಾಗಿ ಹೊಂದಿದ್ದಾರೆ. 1970ರಲ್ಲಿ ಫೆಲ್ಲಿನಿ ಕ್ಲೌನ್‌ಗಳ ಬಗ್ಗೆ ಸಿನಿಮಾ ಮಾಡಿದಾಗ ಆನಿ ಮತ್ತು ಎತೆಕ್ಸ್ ಇಬ್ಬರೂ ತಾವಾಗಿಯೇ ಅದರಲ್ಲಿ ಬರುತ್ತಾರೆ. 1972ರಲ್ಲಿ ಜೆರ್ರಿ ಲೂಯಿಸ್ ತೆಗೆದ ಕ್ಲೌನ್ ಸಿನಿಮಾದಲ್ಲೂ ಪಾತ್ರ ಮಾಡಿದರು. ಜೆರ್ರಿ ಲೂಯಿಸ್‌ಗೆ ಎತೆಕ್ಸ್ ಅಂದರೆ ಅಪಾರ ಗೌರವ. ಆ ಸಿನಿಮಾ ಬಿಡುಗಡೆಯೇ ಆಗಲಿಲ್ಲ.

1986ರಲ್ಲಿ ಜಪಾನಿನ ಒಶಿಮಾ ನಿರ್ದೇಶನದ 'ಮ್ಯಾಕ್ಸ್ ಮೋನ್ ಅಮೂರ್'ನಲ್ಲಿ ಪತ್ತೇದಾರನಾಗಿ ಬಂದರು. ಅದರ ಚಿತ್ರಕತೆ ಬರೆದವರಲ್ಲಿ ಕಾರಿಯೇರ್ ಕೂಡ ಇದ್ದಾರೆ. ಮುಪ್ಪಿನಲ್ಲಿ ಎತೆಕ್ಸ್‌ರನ್ನು ಜಾರ್ಜಿಯಾದ ನಿರ್ದೇಶಕ ಒತಾರ್ ಯೊಸೆಲಿಯಾನಿ ಮತ್ತೆ ಮತ್ತೆ ಕರೆದು ಪಾತ್ರ ಕೊಟ್ಟರು. ಫಿನ್ಲೆಂಡಿನ ಅಕಿ ಕೌರಿಸ್ಮಾಕಿ 2011ರ 'ಲ ಆವ್ರ್' ಸಿನಿಮಾದಲ್ಲಿ ಡಾಕ್ಟರ್ ಪಾತ್ರ ಕೊಟ್ಟರು. ಕೆಲವೇ ನಿಮಿಷ ಬರುತ್ತಾರೆ. ಆ ಸಿನಿಮಾ ನೋಡಿದ ನಮ್ಮಲ್ಲಿ ಎಷ್ಟೋ ಜನ ಆ ಡಾಕ್ಟರ್ ಯಾರು ಅಂತ ಗಮನಿಸದೆ ಮುಂದೆ ಹೋಗಿದ್ದೇವೆ. ಫ್ರಾನ್ಸಿನ ನಿರ್ಮಾಪಕರು ಮರೆತರೂ, ಹೊರದೇಶದ ಈ ನಿರ್ದೇಶಕರು ಮರೆಯಲಿಲ್ಲ.

ಬಾಲ್ಕನಿಸೀಟು:

'ಯೋಯೋ' ನೋಡಿದೆ. ತತಿಯ ನೆರಳು ಅನ್ನುವ ನನ್ನ ಮಾತು 'ಲೆ ಸುಪಿರಾಂ' ಮಟ್ಟಿಗೆ ಇರಲಿ. 'ಯೋಯೋ'ಗೆ ಅದು ಸಲ್ಲುವುದಿಲ್ಲ. ತತಿ ಇಂಥ ಸಿನಿಮಾ ಮಾಡುತ್ತಿರಲಿಲ್ಲ. ಕೊನೆಯ ಪಾರ್ಟಿಯಲ್ಲಿ, ಅಷ್ಟು ಕಷ್ಟಪಟ್ಟು ಕಟ್ಟಿದ ಬಂಗಲೆಗೆ ಅಪ್ಪ-ಅಮ್ಮ ಕಾಲಿಡುವುದಿಲ್ಲ. ಅತಿಥಿಗಳ ನಡುವೆ ಆನೆ ನುಗ್ಗುತ್ತದೆ. ಅವನು ಆನೆ ಹತ್ತಿ ಹೊರಟೇ ಬಿಡುತ್ತಾನೆ. ನಾನು ಎದ್ದು ಕೂತು ಚಪ್ಪಾಳೆ ತಟ್ಟಿದೆ.

ಈಗ 'ತಾಂ ಕೋನಾ ಲಾ ಸಾಂತೆ' ನೋಡಬೇಕು ಅಂತ ಇದ್ದೇನೆ. ಅದರಲ್ಲಿ ನಾಲ್ಕು ಬೇರೆ ಬೇರೆ ಕತೆ ಅಂತ ಓದಿದೆ. ಕ್ಯಾಂಪಿಂಗ್ ಕತೆ ಅದರಲ್ಲಿ ಇದೆ ಅಂತ ಒಬ್ಬರು, ಇಲ್ಲ ಅಂತ ಇನ್ನೊಬ್ಬರು ಬರೆದಿದ್ದಾರೆ. ಯಾವುದು ಸರಿ?

ಶಬ್ದಪೆಟ್ಟಿಗೆ:

ಎರಡೂ ಸರಿ. ಆ ಸಿನಿಮಾ 1966ರಲ್ಲಿ ಬಂದಾಗ ಅದರಲ್ಲಿ ಕ್ಯಾಂಪಿಂಗ್ ಕತೆ ಇತ್ತು. 1971ರಲ್ಲಿ ಎತೆಕ್ಸ್ ಅದನ್ನು ಮತ್ತೆ ಎಡಿಟ್ ಮಾಡಿದರು. ಕ್ಯಾಂಪಿಂಗ್ ತುಂಡನ್ನು ತೆಗೆದು, ರಾತ್ರಿ ನಿದ್ದೆ ಬಾರದೆ ರಕ್ತಪಿಶಾಚಿ ಕತೆ ಓದುವವನ ತುಂಡನ್ನು ಸೇರಿಸಿದರು. ಈಗ ಸಿಗುವುದು ಆ ಎರಡನೇ ರೂಪ. ತೆಗೆದ ತುಂಡು 2010ರಲ್ಲಿ 'ಆಂ ಪ್ಲೆನ್ ಫೋರ್ಮ್' ಅಂತ ಬೇರೆ ಕಿರುಚಿತ್ರವಾಗಿ ಹೊರಬಂತು. ಡಿಸ್ಕ್‌ನಲ್ಲಿ ಎರಡೂ ಇವೆ.

ರಂಗದಂಗಳ ಮೇಡಂ, ನೀವೂ ಆ ಕಿರುಚಿತ್ರ ನೋಡಲೇಬೇಕು. ಅಲ್ಲಿ ಕ್ಯಾಂಪಿಂಗ್ ಜಾಗಕ್ಕೆ ಮುಳ್ಳುತಂತಿ ಬೇಲಿ, ಕಾವಲು, ಜೈಲಿನ ಹಾಗೆ. 'ಪೇಯಿ ದ ಕೊಕಾನ್ಯ್'ನಲ್ಲಿ ಇರುವ ವಿಷಯವೇ, ಆದರೆ ಡೇರೆಯ ಒಳಗೆ ಒದ್ದಾಡುವುದು ಎತೆಕ್ಸ್ ತಾವೇ. ನಿಮ್ಮ ಆಕ್ಷೇಪಕ್ಕೆ ಅವರ ಹತ್ತಿರ ಮೊದಲೇ ಉತ್ತರ ಇತ್ತು. ಆ ತುಂಡನ್ನು ಸಿನಿಮಾದಿಂದ ತೆಗೆದು ಹಾಕಿದ್ದು ಮಾತ್ರ ನನಗೆ ಇವತ್ತಿಗೂ ಒಪ್ಪಿಗೆಯಿಲ್ಲ. ಪಿಶಾಚಿ ತುಂಡು ಚೆನ್ನಾಗಿದೆ, ಆದರೆ ಅದು ಬೇರೆ ಸಿನಿಮಾದ ತುಂಡು.

ರಂಗದಂಗಳ:

ನೋಡುತ್ತೇನೆ. ಭಾನುವಾರ ನಮ್ಮ ತಂಡದ ಹುಡುಗರಿಗೂ ತೋರಿಸುತ್ತೇನೆ, ಅವರು ಈಗ ಮೂಕಾಭಿನಯ ಕಲಿಯುತ್ತಿದ್ದಾರೆ. ಮೊದಲು 'ರುಪ್ತ್ಯೂರ್', ಆಮೇಲೆ ಇದು. ಒಂದು ಮೇಜು, ಒಂದು ಕುರ್ಚಿ, ಒಂದು ಪೆನ್ನು ಇಟ್ಟುಕೊಂಡು ಎಷ್ಟು ಹೊತ್ತು ಜನರನ್ನು ಹಿಡಿದಿಡಬಹುದು ಅಂತ ಅವರಿಗೆ ಗೊತ್ತಾಗಬೇಕು.